ಕೈ ಮ್ಯಾಲ ಏಳವಲ್ದು

ಬಹಳ ದಿನದಿಂದ ಇಲ್ಲಿ ಏನೂ ಬರೆದಿಲ್ಲ. ಕಾರಣ ನಮ್ಮ ಕಾಕಾನ ಭುಜ. ಅದರ ಬೆನ್ನು ಹತ್ತಿ ಹೋದವನು ಒಂದು ದೊಡ್ಡ ಇತಿಹಾಸದೊಳಗೆ ಬಿದ್ದೆ. ಓದಿದ್ದನ್ನು ನಿಮ್ಮ ಮುಂದೆ ಇಡುತ್ತಿದ್ದೇನೆ. ನಾನು ಡಾಕ್ಟರಲ್ಲ, ಇದನ್ನು ಔಷಧಿ ಚೀಟಿ ಅಂತ ಓದಬೇಡಿ.

ಕಾಕಾ ಶಹಾಪುರದಲ್ಲಿ ಹಮಾಲ. ಹತ್ತಿ ಅಂಡಿಗಿ, ತೊಗರಿ ಚೀಲ, ಬತ್ತದ ಚೀಲ ಹೊತ್ತೇ ಮೂರು ಮಕ್ಕಳನ್ನು ಓದಿಸಿದವರು. ಹರೆಯದಲ್ಲಿ ಜಾತ್ರೆಗಳಲ್ಲಿ ಗುಂಡು ಎತ್ತಿ ಬಹುಮಾನ ತಂದವರು. ಹೋದ ವರ್ಷಕ್ಕೆ ಹಿಂದಿನ ವರ್ಷ ದೀಪಾವಳಿ ಮುಗಿದು ಹತ್ತಿ ಬರುವ ಹೊತ್ತಿನಲ್ಲಿ ಟ್ರಾಲಿಯ ಮೇಲಿಂದ ಜಾರಿ ಬಲಗೈ ಊರಿಕೊಂಡು ಬಿದ್ದರು. ಎಕ್ಸರೇ ತೆಗೆಸಿದರೆ ಎಲುಬು ಮುರಿದಿಲ್ಲ. "ಏನೂ ಆಗಿಲ್ಲ, ಎಣ್ಣಿ ಹಚ್ಚಿ ತಿಕ್ಕಿಸ್ಕೋರಿ" ಅಂದರು. ತಿಕ್ಕಿಸಿಕೊಂಡರು. ಉಳುಕು ತೆಗೆಯುವವರ ಹತ್ತಿರವೂ ಹೋದರು. ನಾನು ಬೆಂಗಳೂರಿನಿಂದ ಫೋನ್ ಮಾಡಿದಾಗಲೆಲ್ಲ ಒಂದೇ ಮಾತು - "ಬ್ಯಾನಿ ಇರ್ಲಿ ತಮ್ಮಾ, ತಡಕೋತೀನಿ. ಆದ್ರ ಕೈ ಮ್ಯಾಲ ಏಳವಲ್ದು."

ಆ ಮಾತಿನಲ್ಲೇ ರೋಗದ ಹೆಸರು ಇತ್ತು. ಯಾರಿಗೂ, ನನಗೂ, ಅದು ಕೇಳಿಸಲಿಲ್ಲ. ಮುಂದಿನ ಡಾಕ್ಟರ ಚೀಟಿಯಲ್ಲಿ "ಪೆರಿಆರ್ಥ್ರೈಟಿಸ್ ಶೋಲ್ಡರ್" ಅಂತಿತ್ತು, ಅದರ ಮುಂದಿನ ಚೀಟಿಯಲ್ಲಿ "ಫ್ರೋಜನ್ ಶೋಲ್ಡರ್". ಎರಡು ಇಂಜೆಕ್ಷನ್ ಆದವು. ಎಂಟು ತಿಂಗಳ ನಂತರ ಕಲಬುರಗಿಯಲ್ಲಿ ಎಂಆರ್‌ಐ ಮಾಡಿಸಿದಾಗ ಗೊತ್ತಾಯಿತು, ರೊಟೇಟರ್ ಕಫ್ ಹರಿದಿದೆ. ಓಣಿಯ ಅಜ್ಜಿಯೊಬ್ಬರು ನನ್ನನ್ನು ಕೇಳಿದರು - "ಹೆಗಲಾಗೂ ಕಫ ಕಟ್ಟತದೇನೋ?"

ಇದು ಆ ಕಫ ಅಲ್ಲ. ತುಂಬುತೋಳಿನ ಅಂಗಿಯ ಮುಂಗೈ ಹತ್ತಿರ ಗುಂಡಿ ಹಾಕುವ ಪಟ್ಟಿ ಇರುತ್ತದಲ್ಲ, ಆ ಕಫ್. ಬೆನ್ನಿನ ರೆಕ್ಕೆ ಎಲುಬಿನಿಂದ ಹೊರಟ ನಾಲ್ಕು ಸ್ನಾಯುಗಳ ತುದಿಗಳು ತೋಳೆಲುಬಿನ ಗುಂಡನ್ನು ಆ ಪಟ್ಟಿಯ ಹಾಗೆ ಸುತ್ತಿ ಹಿಡಿದಿರುತ್ತವೆ. ಮೇಲಿನಿಂದ ಬರುವುದು ಸುಪ್ರಾಸ್ಪೈನೇಟಸ್, ಹಿಂದಿನಿಂದ ಇನ್ಫ್ರಾಸ್ಪೈನೇಟಸ್ ಮತ್ತು ಟೆರಿಸ್ ಮೈನರ್, ಮುಂದಿನಿಂದ ಸಬ್‌ಸ್ಕ್ಯಾಪುಲಾರಿಸ್. ಭುಜದ ಬಟ್ಟಲು ಬಹಳ ಚಿಕ್ಕದು, ಅದರ ಮೇಲೆ ಕೂತ ಗುಂಡು ದೊಡ್ಡದು. ಈ ನಾಲ್ಕು ಹಿಡಿದು ನಿಲ್ಲಿಸಿದರೆ ಮಾತ್ರ ಹೊರಗಿನ ದೊಡ್ಡ ಸ್ನಾಯು ಕೈ ಎತ್ತಬಲ್ಲದು. ಸ್ನಾಯುವನ್ನು ಎಲುಬಿಗೆ ಕಟ್ಟುವ ಭಾಗವೇ ಟೆಂಡನ್. ನಮ್ಮ ಕಡೆ ಅದಕ್ಕೂ ನರ ಅಂತಲೇ ಅನ್ನುತ್ತಾರೆ. ಮಿಣಿ ಹರಿದ ಮೇಲೆ ಎತ್ತು ಎಷ್ಟು ಗಟ್ಟಿ ಇದ್ದರೇನು, ನೇಗಿಲು ಅಲ್ಲೇ. ಹೆಚ್ಚಾಗಿ ಹರಿಯುವುದು ಮೇಲಿನದು, ಸುಪ್ರಾಸ್ಪೈನೇಟಸ್. ಎಕ್ಸರೇಯಲ್ಲಿ ಎಲುಬು ಕಾಣುತ್ತದೆ, ಟೆಂಡನ್ ಕಾಣುವುದಿಲ್ಲ. "ಏನೂ ಆಗಿಲ್ಲ" ಎಂಬ ಮಾತು ಹುಟ್ಟುವುದು ಅಲ್ಲಿಂದ.

ಈಗ ಇತಿಹಾಸಕ್ಕೆ ಬರೋಣ. ಇಂಥ ವಿಷಯ ಎತ್ತಿದ ಕೂಡಲೇ "ನಮ್ಮಲ್ಲಿ ಎಲ್ಲ ಮೊದಲೇ ಇತ್ತು" ಅನ್ನುವವರು ಸಿಗುತ್ತಾರೆ. ಸುಶ್ರುತ ಸಂಹಿತೆಯಲ್ಲಿ ಭುಜದ ಬಗ್ಗೆ ಇರುವುದು ನಿಜ. ವಾತರೋಗಗಳ ಅಧ್ಯಾಯದಲ್ಲಿ ಅವಬಾಹುಕ ಎಂಬ ರೋಗ ಬರುತ್ತದೆ, ವಾತವು ಭುಜದಲ್ಲಿ ನಿಂತು ಅಲ್ಲಿನ ಬಂಧಗಳನ್ನು ಒಣಗಿಸುತ್ತದೆ ಎನ್ನುವ ಅರ್ಥದಲ್ಲಿ. ಮರ್ಮಗಳ ಪಟ್ಟಿಯಲ್ಲಿ ಅಂಸ ಎಂಬ ಮರ್ಮವಿದೆ, ಅಲ್ಲಿ ಪೆಟ್ಟಾದರೆ ತೋಳು ಸೆಟೆದು ನಿಲ್ಲುತ್ತದಂತೆ. ಕಣ್ಣಿಟ್ಟು ನೋಡಿದವರ ಮಾತು ಅದು, ಗೌರವ ಇದೆ. ಆದರೆ ಒಣಗಿದ ಭುಜ ಬೇರೆ, ಹರಿದ ಭುಜ ಬೇರೆ ಎಂಬ ವಿಂಗಡಣೆ ಅಲ್ಲಿಲ್ಲ. ನಮ್ಮ ಕಾಕಾನಿಗೆ ಬೇಕಿದ್ದದ್ದು ಅದೇ ವಿಂಗಡಣೆ.

ಹರಿದದ್ದನ್ನು ಮೊದಲು ಕಂಡವರು ಹೆಣ ಕೊಯ್ದವರು. 1788ರಲ್ಲಿ ಎಡಿನ್‌ಬರೋದ ಅಲೆಕ್ಸಾಂಡರ್ ಮನ್ರೋ, ಕೀಲುಗಳ ಸುತ್ತಲಿನ ನೀರಿನ ಚೀಲಗಳ ಬಗ್ಗೆ ಬರೆದ ಪುಸ್ತಕದಲ್ಲಿ ಭುಜದ ಹೊದಿಕೆಯಲ್ಲಿ ಅಂಚು ಹರಿದ ತೂತೊಂದನ್ನು ವರ್ಣಿಸಿದ. 1834ರಲ್ಲಿ ಜೆ. ಜಿ. ಸ್ಮಿತ್ ಎಂಬಾತ ಲಂಡನ್ ಮೆಡಿಕಲ್ ಗೆಜೆಟ್‌ನಲ್ಲಿ ಇಂಥ ಏಳು ಭುಜಗಳ ವಿವರ ಬರೆದ. ಕಂಡರೂ ಹೊಲಿಯುವ ಹಾಗಿರಲಿಲ್ಲ. ಈಥರ್ ಕೊಟ್ಟು ಎಚ್ಚರ ತಪ್ಪಿಸುವುದು ಲೋಕಕ್ಕೆ ಗೊತ್ತಾದದ್ದು 1846ರಲ್ಲಿ, ಕೀವಾಗದಂತೆ ಕೊಯ್ಯುವುದನ್ನು ಲಿಸ್ಟರ್ ತೋರಿಸಿದ್ದು 1867ರಲ್ಲಿ. ಈ ಎರಡೂ ಇಲ್ಲದೆ ಕೀಲು ಬಿಚ್ಚಿದರೆ ಕೈ ಹೋಗುತ್ತಿತ್ತು, ಇಲ್ಲವೇ ಜೀವ.

1872ರಲ್ಲಿ ಪ್ಯಾರಿಸ್ಸಿನ ಡುಪ್ಲೆ ಒಂದು ಹೆಸರು ಕೊಟ್ಟ, ಪೆರಿಆರ್ಥ್ರೈಟಿಸ್. ಕೀಲಿನ ಸುತ್ತಲಿನ ಉರಿಯೂತ ಅಂತ ಅರ್ಥ. ಆ ಕಾಲಕ್ಕೆ ಅದು ಒಳ್ಳೆಯ ಹೆಜ್ಜೆಯೇ, ನೋವು ಕೀಲಿನೊಳಗಲ್ಲ, ಸುತ್ತಲಿದೆ ಅಂದನಲ್ಲ. ಆದರೆ ಆ ಹೆಸರು ಆಮೇಲೆ ದೊಡ್ಡ ಚೀಲವಾಯಿತು, ಭುಜದ ಯಾವ ನೋವನ್ನಾದರೂ ಅದರೊಳಗೆ ತುಂಬಬಹುದು. ನೂರೈವತ್ತು ವರ್ಷ ದಾಟಿ ಅದು ನಮ್ಮ ಕಾಕಾನ ಚೀಟಿಗೂ ಬಂತು.

ಜರ್ಮನಿಯಲ್ಲಿ ಮ್ಯುಲ್ಲರ್ ಎಂಬಾತ 1898ರಲ್ಲೇ ಒಂದು ಟೆಂಡನ್ ಹೊಲಿದಿದ್ದ. ಆದರೆ ಈ ಕಥೆಯ ನಿಜವಾದ ಮನುಷ್ಯ ಬಾಸ್ಟನ್ನಿನ ಅರ್ನೆಸ್ಟ್ ಅಮೊರಿ ಕಾಡ್ಮನ್. ಹುಟ್ಟಿದ್ದು 1869ರಲ್ಲಿ. ಹಾರ್ವರ್ಡ್‌ನಲ್ಲಿ ಓದುವಾಗಲೇ ಗೆಳೆಯ ಹಾರ್ವೆ ಕುಶಿಂಗ್ ಜೊತೆ ಸೇರಿ, ಈಥರ್ ಕೊಟ್ಟಾಗ ರೋಗಿಯ ನಾಡಿ ಉಸಿರು ಹೇಗಿತ್ತು ಎಂದು ಚಾರ್ಟ್ ಬರೆಯುವುದನ್ನು ಶುರು ಮಾಡಿದ. ಮುಂದೆ ಬಾಸ್ಟನ್ನಿನ ಮಕ್ಕಳ ಆಸ್ಪತ್ರೆಯಲ್ಲಿ ಎಕ್ಸರೇ ತೆಗೆಯುವ ಕೆಲಸ ನೋಡಿಕೊಂಡ. ಎಕ್ಸರೇಯ ಮನುಷ್ಯನೇ ಎಕ್ಸರೇಗೆ ಕಾಣದ ರೋಗದ ಬೆನ್ನು ಹತ್ತಿದ ನೋಡಿ! 1909ರಲ್ಲಿ ಹರಿದ ಸುಪ್ರಾಸ್ಪೈನೇಟಸ್ ಅನ್ನು ಹೊಲಿದ. 1911ರಲ್ಲಿ ಗೆದ್ದ ಎರಡು ಆಪರೇಷನ್‌ಗಳ ವರದಿ ಪ್ರಕಟಿಸಿದ.

ಇಲ್ಲೊಂದು ಸಣ್ಣ ಅಡ್ಡದಾರಿ. ಆಗ ಯಾದಗಿರಿ, ಶಹಾಪುರ, ಸುರಪುರ ನಿಜಾಮರ ರಾಜ್ಯದ ಗುಲ್ಬರ್ಗಾ ಜಿಲ್ಲೆಯಲ್ಲಿದ್ದವು. ದೊಡ್ಡ ಆಸ್ಪತ್ರೆ ಅಂದರೆ ಹೈದರಾಬಾದು. ಅಲ್ಲಿನ ಅಫ್ಜಲ್‌ಗಂಜ್ ಆಸ್ಪತ್ರೆ ಸಣ್ಣದೇನಲ್ಲ, ಕ್ಲೋರೋಫಾರ್ಮ್ ಸುರಕ್ಷಿತವೇ ಎಂದು ನೋಡಲು 1888 ಮತ್ತು 1889ರಲ್ಲಿ ಎಡ್ವರ್ಡ್ ಲಾರಿ ನಡೆಸಿದ ಹೈದರಾಬಾದ್ ಕ್ಲೋರೋಫಾರ್ಮ್ ಕಮಿಷನ್‌ಗಳ ಬಗ್ಗೆ ಇಂಗ್ಲೆಂಡಿನಲ್ಲೂ ವಾದ ನಡೆದಿತ್ತು. ಆ ಆಸ್ಪತ್ರೆ 1908ರ ಸೆಪ್ಟೆಂಬರಿನ ಮೂಸಿ ಪ್ರವಾಹದಲ್ಲಿ ಹಾಳಾಯಿತು. ಮರುವರ್ಷ ಬಾಸ್ಟನ್ನಿನಲ್ಲಿ ಭುಜದ ಹೊಲಿಗೆ ನಡೆದಾಗ ನಮ್ಮ ಹಮಾಲರ ಭುಜಕ್ಕೆ ಎಣ್ಣೆಯೇ ಗತಿ. ಗುಲ್ಬರ್ಗಾದಲ್ಲಿ ಮಹದೇವಪ್ಪ ರಾಂಪುರೆ ಮೆಡಿಕಲ್ ಕಾಲೇಜು ಶುರುವಾದದ್ದು 1963ರಲ್ಲಿ. ಯಾದಗಿರಿ ಜಿಲ್ಲೆಯಾದದ್ದು 2009ರ ಡಿಸೆಂಬರ್ 30ಕ್ಕೆ, ನಮ್ಮದೇ ಸರ್ಕಾರಿ ಮೆಡಿಕಲ್ ಕಾಲೇಜಿಗೆ ಹುಡುಗರು ಸೇರಿದ್ದು 2022ರ ಸಾಲಿನಲ್ಲಿ.

ಮತ್ತೆ ಕಾಡ್ಮನ್. ಅವನ ತಲೆಯಲ್ಲಿ ಒಂದು ಹುಳ ಹೊಕ್ಕಿತ್ತು. ಆಪರೇಷನ್ ಮಾಡಿದ ಮೇಲೆ ರೋಗಿ ಮನೆಗೆ ಹೋಗುತ್ತಾನೆ, ಸರಿ. ವರ್ಷದ ಮೇಲೆ ಅವನು ಹೇಗಿದ್ದಾನೆ? ಗುಣವಾಗದಿದ್ದರೆ ಯಾಕೆ ಆಗಲಿಲ್ಲ, ತಪ್ಪು ಯಾರದು? ಪ್ರತಿ ರೋಗಿಗೂ ಒಂದು ಕಾರ್ಡ್ ಇಟ್ಟು ವರ್ಷದ ನಂತರ ಕರೆದು ಬರೆಯಬೇಕು, ಬರೆದದ್ದನ್ನು ಎಲ್ಲರಿಗೂ ತೋರಿಸಬೇಕು ಅಂದ. ಇದಕ್ಕೆ ಅವನು ಕೊಟ್ಟ ಹೆಸರು ಎಂಡ್ ರಿಸಲ್ಟ್, ಅಂತಿಮ ಫಲಿತಾಂಶ. ಕೇಳಲು ಎಷ್ಟು ಸಾದಾ ಮಾತು! ಆದರೆ ಯಾರಿಗೂ ಬೇಡವಾಯಿತು. ಸಾಮರ್ಥ್ಯ ನೋಡದೆ ಹಿರಿತನದ ಮೇಲೆ ಬಡ್ತಿ ಕೊಡುತ್ತಾರೆಂದು ಮ್ಯಾಸಚೂಸೆಟ್ಸ್ ಜನರಲ್ ಆಸ್ಪತ್ರೆಯ ಹುದ್ದೆಗೆ 1914ರಲ್ಲಿ ರಾಜೀನಾಮೆ ಕೊಟ್ಟ. 1915ರ ಜನವರಿಯಲ್ಲಿ ವೈದ್ಯರ ಸಭೆಯೊಂದರಲ್ಲಿ ದೊಡ್ಡ ವ್ಯಂಗ್ಯಚಿತ್ರ ಬಿಚ್ಚಿ ತೋರಿಸಿದ. ಮರಳಿನಲ್ಲಿ ತಲೆ ಹುದುಗಿಸಿದ ಉಷ್ಟ್ರಪಕ್ಷಿ ಹಿಂದಕ್ಕೆ ಚಿನ್ನದ ಮೊಟ್ಟೆ ಒದೆಯುತ್ತಿದೆ, ಡಾಕ್ಟರರು ಆಯ್ದುಕೊಳ್ಳುತ್ತಿದ್ದಾರೆ. ಆ ಪಕ್ಷಿ ಬಾಸ್ಟನ್ನಿನ ಶ್ರೀಮಂತ ರೋಗಿಗಳು. ದೊಡ್ಡ ಗಲಾಟೆಯಾಯಿತು, ಸಭೆಯ ಅಧ್ಯಕ್ಷಗಿರಿ ಹೋಯಿತು, ಗೆಳೆಯರೂ ಹೋದರು.

ಅವನೇ ಒಂದು ಸಣ್ಣ ಆಸ್ಪತ್ರೆ ತೆರೆದಿದ್ದ. 1911ರಿಂದ 1916ರವರೆಗೆ ಅಲ್ಲಿಂದ ಮನೆಗೆ ಹೋದ 337 ರೋಗಿಗಳಲ್ಲಿ 123 ತಪ್ಪುಗಳಾದವು ಎಂದು ತನ್ನದೇ ಲೆಕ್ಕವನ್ನು ಅಚ್ಚು ಹಾಕಿಸಿದ. ಇವತ್ತಿಗೂ ಹೀಗೆ ಅಚ್ಚು ಹಾಕಿಸುವ ಆಸ್ಪತ್ರೆ ಎಷ್ಟಿವೆ ನೀವೇ ಹೇಳಿ. 1934ರಲ್ಲಿ "ದಿ ಶೋಲ್ಡರ್" ಎಂಬ ದಪ್ಪ ಪುಸ್ತಕ ತಂದ. 1940ರಲ್ಲಿ ತೀರಿಕೊಂಡಾಗ ಸಮಾಧಿಗೆ ಹೆಸರಿನ ಕಲ್ಲೂ ಇರಲಿಲ್ಲ. ಕಲ್ಲು ನಿಲ್ಲಿಸಿದ್ದು 2014ರಲ್ಲಿ, ವೈದ್ಯರು ಸೇರಿ.

ನನಗೆ ಮೈ ಜುಂ ಎಂದದ್ದು ಬೇರೆ ಒಂದು ವಿಷಯಕ್ಕೆ. ಕಾಕಾನ ಎರಡನೇ ಚೀಟಿಯಲ್ಲಿದ್ದ ಫ್ರೋಜನ್ ಶೋಲ್ಡರ್ ಎಂಬ ಹೆಸರನ್ನು ಆ 1934ರ ಪುಸ್ತಕದಲ್ಲಿ ಕೊಟ್ಟವನೂ ಕಾಡ್ಮನ್ನನೇ. ಹರಿದ ಟೆಂಡನ್ನಿನಿಂದ ಅದನ್ನು ಬೇರೆ ಮಾಡಿ ತೋರಿಸುವುದಕ್ಕೆ ಕೊಟ್ಟ ಹೆಸರು, ನಮ್ಮಲ್ಲಿ ಹರಿದದ್ದನ್ನು ಮುಚ್ಚುವುದಕ್ಕೆ ಬಳಕೆಯಾಗಿತ್ತು. ಇನ್ನೊಂದು, ಫಿಜಿಯೋಥೆರಪಿಯ ಹುಡುಗ ಕಾಕಾನಿಗೆ ಹೇಳಿಕೊಟ್ಟ ಮೊದಲ ವ್ಯಾಯಾಮ - ಎಡಗೈಯನ್ನು ಮೇಜಿಗೆ ಊರಿ, ಬಗ್ಗಿ, ಬಲಗೈ ಇಳಿಬಿಟ್ಟು ಗಡಿಯಾರದ ಲೋಲಕದಂತೆ ತೂಗುವುದು. ಅದರ ಹೆಸರೇ ಕಾಡ್ಮನ್ ವ್ಯಾಯಾಮ.

ಎರಡನ್ನೂ ಬೇರೆ ಮಾಡುವುದು ಹೇಗೆ? ಇದಕ್ಕೆ ಮಶೀನು ಬೇಡ. ಫ್ರೋಜನ್ ಶೋಲ್ಡರಿನಲ್ಲಿ ಕೀಲಿನ ಹೊದಿಕೆಯೇ ಬಿಗಿದುಕೊಂಡಿರುತ್ತದೆ, ರೋಗಿ ಎತ್ತಿದರೂ ಕೈ ಏಳದು, ಡಾಕ್ಟರು ಹಿಡಿದು ಎತ್ತಿದರೂ ಏಳದು. ಹರಿದ ಭುಜದಲ್ಲಿ ಡಾಕ್ಟರು ಎತ್ತಿದರೆ ಕೈ ಮೇಲೆ ಹೋಗುತ್ತದೆ, ರೋಗಿ ತಾನೇ ಎತ್ತಲು ಹೋದರೆ ಇಲ್ಲ. ಮೇಲೆತ್ತಿ ನಿಧಾನ ಇಳಿಸಿ ಅಂದರೆ ದೊಡ್ಡದು ಹರಿದಿದ್ದಾಗ ನಡುದಾರಿಯಲ್ಲಿ ಕೈ ಧೊಪ್ ಎಂದು ಬೀಳುತ್ತದೆ. ಇದನ್ನು ಡ್ರಾಪ್ ಆರ್ಮ್ ಪರೀಕ್ಷೆ ಅನ್ನುತ್ತಾರೆ. ಹಳೆಯದಾದ ಹರಿದ ಭುಜವೂ ಬಿಗಿದುಕೊಳ್ಳಬಹುದು, ಸಕ್ಕರೆ ಕಾಯಿಲೆಯವರಿಗೆ ಫ್ರೋಜನ್ ಹೆಚ್ಚು, ಹಾಗಾಗಿ ಯಾವಾಗಲೂ ಇಷ್ಟು ಸಲೀಸಲ್ಲ. ಆದರೂ ನಲವತ್ತು ದಾಟಿದ ಹಮಾಲನೊಬ್ಬ ಬಿದ್ದು ಬಂದು "ಕೈ ಮ್ಯಾಲ ಏಳವಲ್ದು" ಅಂದಾಗ ಒಮ್ಮೆ ಹಿಡಿದು ಎತ್ತಿ ನೋಡುವುದಕ್ಕೆ ಎರಡು ನಿಮಿಷ ಸಾಕು. ಎಂಟು ತಿಂಗಳಲ್ಲಿ ಅಂಗಿ ಬಿಚ್ಚಿಸಿ ಹಾಗೆ ನೋಡಿದವರು ಒಬ್ಬರೂ ಇಲ್ಲ ಎಂದು ಕಾಕಾ ಹೇಳುತ್ತಾರೆ.

ಒಳಗಿನದನ್ನು ಕಾಣುವ ದಾರಿಗಳು ಆಮೇಲೆ ಬಂದವು. 1939ರಲ್ಲಿ ಸ್ವೀಡನ್ನಿನ ಲಿಂಡ್‌ಬ್ಲೋಮ್ ಕೀಲಿನೊಳಗೆ ಎಕ್ಸರೇಗೆ ಕಾಣುವ ದ್ರವ ತುಂಬಿ, ಅದು ಸೋರಿ ಹೊರಬಂದರೆ ಹರಿದಿದೆ ಎಂದು ತೋರಿಸಿದ. 1980ರ ದಶಕದಲ್ಲಿ ಅಲ್ಟ್ರಾಸೌಂಡ್, ಎಂಆರ್‌ಐ ಬಂದವು. ಜೊತೆಗೆ ಹೊಸ ಗೊಂದಲವೂ ಬಂತು. 1995ರಲ್ಲಿ ಅಮೆರಿಕದಲ್ಲಿ ನೋವೇ ಇಲ್ಲದ 96 ಜನರ ಭುಜದ ಎಂಆರ್‌ಐ ತೆಗೆದು ನೋಡಿದರೆ ಮೂರರಲ್ಲಿ ಒಬ್ಬರಿಗೆ ಹರಿದಿತ್ತು, ಅರವತ್ತು ದಾಟಿದವರಲ್ಲಿ ಅರ್ಧಕ್ಕಿಂತ ಹೆಚ್ಚು ಜನರಿಗೆ! ಅಂದರೆ ತಲೆಗೂದಲು ನೆರೆದಂತೆ ಟೆಂಡನ್ನೂ ಸವೆಯುತ್ತದೆ. ಎಂಆರ್‌ಐಯಲ್ಲಿ ಕಂಡಿತು ಅಂತ ಎಲ್ಲರಿಗೂ ಕತ್ತರಿ ಹಾಕುವ ಹಾಗಿಲ್ಲ.

ಯಾಕೆ ಹರಿಯುತ್ತದೆ ಎಂಬುದಕ್ಕೂ ಜಗಳವಿದೆ. 1972ರಲ್ಲಿ ನ್ಯೂಯಾರ್ಕಿನ ಚಾರ್ಲ್ಸ್ ನೀರ್, ಮೇಲಿನ ಎಲುಬಿನ ಚಾಚು ಉಜ್ಜಿ ಉಜ್ಜಿ ಟೆಂಡನ್ ಸವೆಯುತ್ತದೆ, ಆ ಚಾಚನ್ನು ಕೆತ್ತಿ ತೆಗೆಯಬೇಕು ಅಂದ. ಲೋಕವೆಲ್ಲ ಕೆತ್ತಿತು. ನಲವತ್ತೈದು ವರ್ಷದ ನಂತರ, 2017ರಲ್ಲಿ, ಬ್ರಿಟನ್ನಿನ ವೈದ್ಯರು ಕೆಲವು ರೋಗಿಗಳಿಗೆ ಕೆತ್ತಿ, ಕೆಲವರಿಗೆ ಬರೀ ದುರ್ಬೀನು ಹಾಕಿ ನೋಡಿ ಮುಚ್ಚಿದರು. ಇಬ್ಬರ ನಡುವೆ ಹೇಳಿಕೊಳ್ಳುವ ವ್ಯತ್ಯಾಸ ಸಿಗಲಿಲ್ಲ. (ಗಮನಿಸಿ, ಇದು ಪೂರ್ತಿ ಹರಿಯದ ಭುಜಗಳ ಮಾತು.) ವರ್ಷದ ಮೇಲೆ ರೋಗಿ ಹೇಗಿದ್ದಾನೆ ಎಂದು ಮೊದಲೇ ಕೇಳಿದ್ದರೆ ಎಷ್ಟು ಎಲುಬು ಉಳಿಯುತ್ತಿತ್ತೋ.

ಕೊಯ್ದು ತೆರೆಯುವ ಬದಲು ತೂತಿನಿಂದ ಹೊಲಿಯುವ ವಿದ್ಯೆ ಬಂದದ್ದು ಜಪಾನಿನ ದಾರಿಯಿಂದ. 1918ರಲ್ಲಿ ಟೋಕಿಯೋದ ಕೆಂಜಿ ತಕಾಗಿ ಮೂತ್ರಕೋಶ ನೋಡುವ ನಳಿಕೆಯನ್ನು ಶವದ ಮೊಣಕಾಲಿಗೆ ಹಾಕಿ ನೋಡಿದ್ದ. ಅವನ ಶಿಷ್ಯ ಮಸಾಕಿ ವಟನಬೆ ಅದನ್ನು ಬಳಸಲು ಬರುವ ಯಂತ್ರ ಮಾಡಿದ. ಭುಜಕ್ಕೆ ಅದು ಚೆನ್ನಾಗಿ ಹೊಂದಿದ್ದು 1980-90ರ ದಶಕಗಳಲ್ಲಿ. ಈಗ ಮೂರು ನಾಲ್ಕು ಸಣ್ಣ ತೂತು, ಒಳಗೆ ಕ್ಯಾಮೆರಾ, ಉಪ್ಪುನೀರಿನ ಧಾರೆ. ತೋಳೆಲುಬಿನ ತಲೆಯಲ್ಲಿ ದಾರ ಕಟ್ಟಿದ ಸಣ್ಣ ಮೊಳೆ ಇಳಿಸಿ, ಆ ದಾರದಿಂದ ಟೆಂಡನ್ನನ್ನು ಅದರ ಮೊದಲಿನ ಜಾಗಕ್ಕೆ ಎಳೆದು ಕಟ್ಟುತ್ತಾರೆ. 2017ರಲ್ಲೇ ಬಂದ ಇನ್ನೊಂದು ಬ್ರಿಟಿಷ್ ಅಧ್ಯಯನದಲ್ಲಿ ತೆರೆದು ಹೊಲಿದರೂ ತೂತಿನಿಂದ ಹೊಲಿದರೂ ಎರಡು ವರ್ಷದ ಮೇಲೆ ಫಲ ಒಂದೇ ಇತ್ತು, ಮತ್ತು ಎರಡರಲ್ಲೂ ನೂರಕ್ಕೆ ನಲವತ್ತರ ಆಸುಪಾಸು ಹೊಲಿಗೆ ಮತ್ತೆ ಬಿಚ್ಚಿತ್ತು. ವಿಚಿತ್ರವೆಂದರೆ ಬಿಚ್ಚಿದವರಿಗೂ ನೋವು ಮೊದಲಿಗಿಂತ ಕಡಿಮೆಯಾಗಿತ್ತು, ಕೂಡಿಕೊಂಡವರಷ್ಟು ಅಲ್ಲ ಅಷ್ಟೆ.

ಕ್ರಿಕೆಟ್ ನೋಡುವ ಕನ್ನಡಿಗರಿಗೆ ಈ ಶಬ್ದ ಹೊಸದಲ್ಲ. 1997ರಲ್ಲಿ ಜಾವಗಲ್ ಶ್ರೀನಾಥ್ ವೆಸ್ಟ್ ಇಂಡೀಸ್ ಸರಣಿ ತಪ್ಪಿಸಿಕೊಂಡದ್ದು ರೊಟೇಟರ್ ಕಫ್ ಗಾಯದಿಂದಲೇ. ಬಾರ್ಬಡೋಸ್‌ನಲ್ಲಿ 120 ಬೆನ್ನಟ್ಟಲಾಗದೆ 81ಕ್ಕೆ ಉದುರಿದ್ದು ಅದೇ ಸರಣಿ, ಬಿಡಿ, ಆ ಗಾಯ ಬೇರೆ. ಶ್ರೀನಾಥ್ ಆಪರೇಷನ್ ಮಾಡಿಸಿಕೊಂಡು ಅದೇ ವರ್ಷದ ಕೊನೆಗೆ ಮರಳಿ, 2003ರ ವಿಶ್ವಕಪ್ ಫೈನಲ್ ತನಕ ಬೌಲ್ ಮಾಡಿದರು. ಅನಿಲ್ ಕುಂಬ್ಳೆಯೂ ಭುಜದ ಆಪರೇಷನ್ನಿಂದ 2001ರ ಆಸ್ಟ್ರೇಲಿಯಾ ಸರಣಿಯನ್ನೇ ಕಳೆದುಕೊಂಡರು, ಬಂದ ಮೇಲೆ 2008ರ ತನಕ ಆಡಿ 619 ವಿಕೆಟ್ ಮುಟ್ಟಿದರು. ಅವರು ತಿಂಗಳುಗಟ್ಟಲೆ ಕೂತು ಕೈ ಕಾಯ್ದರು. ಹಮಾಲನಿಗೆ ಕೂತ ದಿನದ ಪಗಾರ ಇಲ್ಲ.

ಕಾಕಾನ ವಿಷಯದಲ್ಲಿ ಎಂಟು ತಿಂಗಳ ತಡ ಏನು ಮಾಡಿತು ಎಂದು ತಿಳಿದದ್ದು ಫ್ರಾನ್ಸಿನ ಗುಟಾಲಿಯೇ 1994ರಲ್ಲಿ ಮಾಡಿದ ಅಳತೆಯಿಂದ. ಟೆಂಡನ್ ಕಿತ್ತುಬಂದ ಮೇಲೆ ಸ್ನಾಯುವಿಗೆ ಕೆಲಸವಿಲ್ಲ. ಬೀಳುಬಿಟ್ಟ ಹೊಲದಲ್ಲಿ ಕಸ ಎದ್ದಂತೆ ಅದರಲ್ಲಿ ಕೊಬ್ಬು ತುಂಬುತ್ತದೆ, ಒಮ್ಮೆ ತುಂಬಿದ್ದು ಹೊಲಿದ ಮೇಲೂ ಸಹಜವಾಗಿ ಹಿಂದೆ ಹೋಗುವುದಿಲ್ಲ. ಎಷ್ಟು ತುಂಬಿದೆ ಎಂಬುದಕ್ಕೆ ಸೊನ್ನೆಯಿಂದ ನಾಲ್ಕರವರೆಗೆ ಅವನದೊಂದು ಲೆಕ್ಕ. ಕಾಕಾನದು ಎರಡಕ್ಕೆ ಬಂದಿತ್ತು. ಸವೆದು ಹರಿದ ಮುದಿ ಭುಜಕ್ಕೆ ವ್ಯಾಯಾಮ ಮಾಡಿಸಿ ಕಾದು ನೋಡಬಹುದು, ಬಿದ್ದು ಒಮ್ಮೆಲೇ ಹರಿದದ್ದಕ್ಕೆ ಕಾಯುವುದೇ ನಷ್ಟ. ಸರ್ಜನ್ ಮುಚ್ಚುಮರೆಯಿಲ್ಲದೆ ಹೇಳಿದರು - ಮೂರು ತಿಂಗಳೊಳಗೆ ಬಂದಿದ್ದರೆ ಧೈರ್ಯದಿಂದ ಮಾಡುತ್ತಿದ್ದೆ, ಈಗ ಪೂರ್ತಿ ಮುಚ್ಚುತ್ತದೆಂಬ ಖಾತ್ರಿ ಕೊಡಲಾರೆ, ಮಾಡಿಸಿದರೆ ಆರು ತಿಂಗಳು ಭಾರ ಮುಟ್ಟುವ ಹಾಗಿಲ್ಲ. ಮನೆಯಲ್ಲಿ ಎರಡು ವಾರ ಮಾತುಕತೆ ನಡೆಯಿತು. ಕಾಕಿ ಬೇಡವೆಂದರು. ಕೊನೆಗೆ ಕಾಕಾ "ಚೀಲ ಹೊರಲಾಕ ಅಲ್ಲ, ಅಂಗಿ ಹಾಕ್ಕೊಳ್ಳಾಕ ಕೈ ಬೇಕಲಾ" ಎಂದು ಒಪ್ಪಿದರು.

ಆಪರೇಷನ್ ಆಗಿ ವರ್ಷದ ಮೇಲೆ ಎರಡು ತಿಂಗಳಾಯಿತು. ಆರು ವಾರ ಕೈ ಜೋಳಿಗೆಯಲ್ಲಿತ್ತು, ಮೂರು ತಿಂಗಳು ಶಹಾಪುರದಲ್ಲೇ ಫಿಜಿಯೋಥೆರಪಿ ನಡೆಯಿತು. ವರ್ಷ ತುಂಬಿದಾಗ ಹೇಗಿದ್ದೀರಿ ಎಂದು ಯಾರೂ ಫೋನ್ ಮಾಡಲಿಲ್ಲ. ಹಾಗಾಗಿ ಹೋದ ವಾರ ಊರಿಗೆ ಹೋದಾಗ ಒಂದು ರಟ್ಟಿನ ಚೂರಿನ ಮೇಲೆ ಕಾಡ್ಮನ್ ಕಾರ್ಡ್ ನಾನೇ ಬರೆದೆ. ಕಾಕಾ ನಗುತ್ತಾ ಹೇಳಿದರು, ನಾನು ಬರೆದುಕೊಂಡೆ.

ರೋಗ: ಬಿದ್ದು ಬಲ ಭುಜದ ಸುಪ್ರಾಸ್ಪೈನೇಟಸ್ ಪೂರ್ತಿ ಹರಿದದ್ದು. ಗುರುತಿಸಲು ಹಿಡಿದ ಕಾಲ: ಎಂಟು ತಿಂಗಳು. ಏನು ಮಾಡಿದ್ದು: ದುರ್ಬೀನಿನಿಂದ ಹೊಲಿಗೆ, ಪೂರ್ತಿ ಮುಚ್ಚಲಿಲ್ಲ. ವರ್ಷದ ಮೇಲೆ: ರಾತ್ರಿ ಬ್ಯಾನಿ ಇಲ್ಲ. ತಲೆಗೆ ರುಮಾಲು ತಾನೇ ಸುತ್ತಿಕೊಳ್ಳುತ್ತಾರೆ. ಅಟ್ಟದ ಮೇಲಿನ ಡಬ್ಬಿ ತೆಗೆಯಲು ಬರುವುದಿಲ್ಲ. ಚೀಲ ಹೊರುವುದಿಲ್ಲ, ಈಗ ಕಾಟಾದ ಹತ್ತಿರ ನಿಂತು ತೂಕ ಬರೆಸುತ್ತಾರೆ, ದಿನಕ್ಕೆ ಮೊದಲಿನ ಅರ್ಧ ದುಡ್ಡು. ತಪ್ಪು ಯಾರದು ಎಂಬ ಜಾಗ ಬಂದಾಗ ಕಾಕಾ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದನ್ನ ಖಾಲಿ ಬಿಡು" ಅಂದರು. ನಾನು ಬಿಡಲಿಲ್ಲ. "ಯಾರೂ ಕೈ ಎತ್ತಿ ನೋಡಲಿಲ್ಲ, ಫೋನಿನಲ್ಲಿ ಕೇಳಿದ ನಾನೂ ಕೂಡ" ಎಂದು ಬರೆದೆ.